ವಾಲ್ಶ್ ಮೇಷ್ಟ್ರ ಚೀಟಿ

ಅಂಗಡಿಗೆ ಹೋಗುವಾಗ ಚೀಟಿ ಬರೆದುಕೊಳ್ಳುವವರನ್ನು ಕಂಡರೆ ನನಗೆ ನಗು ಬರುತ್ತಿತ್ತು. ಒಂದು ದಿನ ದೋಸೆಗೆ ನೆನೆಹಾಕಲು ಉದ್ದಿನಬೇಳೆ ತರಲೆಂದು ಹೋಗಿ, ಎರಡು ಚೀಲ ತುಂಬಿಸಿಕೊಂಡು ಬಂದೆ. ಉದ್ದಿನಬೇಳೆ ಒಂದು ಬಿಟ್ಟು ಎಲ್ಲಾ ಇತ್ತು. ಅಂದಿನಿಂದ ನಾನು ಚೀಟಿ ಪಕ್ಷ. ಪಕ್ಷಕ್ಕೆ ಅಧ್ಯಕ್ಷರು ಬೇಕಲ್ಲ, ಬಿಲ್ ವಾಲ್ಶ್ ಅವರನ್ನು ನಾನೇ ಆರಿಸಿಕೊಂಡೆ.

ವಾಲ್ಶ್ ಅಮೆರಿಕನ್ ಫುಟ್‌ಬಾಲ್ ಕೋಚ್ ಆಗಿದ್ದವರು. ಹೆಸರಿಗೆ ಫುಟ್‌ಬಾಲ್, ಚೆಂಡು ಇರುವುದು ಬಹುಪಾಲು ಕೈಯಲ್ಲೇ. ನಾಲ್ಕು ಯತ್ನದೊಳಗೆ 10 ಗಜ ಮುಂದೆ ಹೋಗಬೇಕು, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಪ್ರತಿ ಸಲವೂ ಯಾವ ಆಟ ಆಡಬೇಕು, ಅಂದರೆ ಯಾರು ಓಡಬೇಕು, ಯಾರಿಗೆ ಎಸೆಯಬೇಕು ಎಂದು ಕೆಲವೇ ಸೆಕೆಂಡಿನಲ್ಲಿ ಹೇಳಬೇಕು. ಸುತ್ತ ಸಾವಿರಾರು ಜನ ಕಿರುಚುತ್ತಿರುತ್ತಾರೆ. ಅಲ್ಲಿ ಯಾರ ತಲೆ ತಣ್ಣಗಿರುತ್ತೆ? ಅದಕ್ಕೇ ವಾಲ್ಶ್ ಪಂದ್ಯಕ್ಕೆ ಮೊದಲೇ ಕೂತು, ಶುರುವಿನ ಆಟಗಳನ್ನು ಸಾಲಾಗಿ ಬರೆದಿಡುತ್ತಿದ್ದರು. ಒಹಾಯೊ ರಾಜ್ಯದ ಸಿನ್ಸಿನಾಟಿ ತಂಡದಲ್ಲಿ ಮುಖ್ಯ ಕೋಚ್ ಪಾಲ್ ಬ್ರೌನ್ ಕೈಕೆಳಗೆ ಸಹಾಯಕರಾಗಿದ್ದಾಗ ನಾಲ್ಕಾರು ಇದ್ದ ಪಟ್ಟಿ, ಬರಬರುತ್ತ 25ರವರೆಗೆ ಬೆಳೆಯಿತು. ಹಾಗಂತ ಕಣ್ಣುಮುಚ್ಚಿಕೊಂಡು ಓದುತ್ತಿರಲಿಲ್ಲ. ಬೇಕಾದಾಗ ಬಿಟ್ಟು, ಮತ್ತೆ ಬಂದು ಹಿಡಿಯುತ್ತಿದ್ದರು. ನಾನೂ ಚೀಟಿ ಹಿಡಿದೇ, ಅದರಲ್ಲಿಲ್ಲದ ಹಲಸಿನ ಹಣ್ಣು ತಂದವನು, ಬಿಡಿ.

ಅವರ ದೊಡ್ಡ ಹೆಸರು ಇನ್ನೊಂದಕ್ಕೆ. ಸಿನ್ಸಿನಾಟಿಯಲ್ಲಿ ಚೆಂಡು ಎಸೆಯುವ ಕೆಲಸದ, ಬಲವಾದ ತೋಳಿನ ಗ್ರೆಗ್ ಕುಕ್ ಭುಜಕ್ಕೆ ಪೆಟ್ಟು ಮಾಡಿಕೊಂಡರು. 1970ರಲ್ಲಿ ಬಂದ ವರ್ಜಿಲ್ ಕಾರ್ಟರ್‌ಗೆ ಚೆಂಡನ್ನು ದೂರ ಎಸೆಯುವ ತಾಕತ್ತಿಲ್ಲ, ಗುರಿ ಮಾತ್ರ ಚೆನ್ನ. ಸರಿ, ಹತ್ತಿರ ಹತ್ತಿರಕ್ಕೇ ಎಸೆ, ಮೈದಾನದ ಅಗಲವನ್ನೆಲ್ಲಾ ಬಳಸು ಎಂದರು ಮೇಷ್ಟ್ರು. ಇದ್ದ ಬದನೆಕಾಯಲ್ಲೇ ಹುಳಿ ಮಾಡಿದ ಹಾಗೆ. ಈ ಆಟಕ್ಕೆ ಮುಂದೆ ಬಿದ್ದ ಹೆಸರು ‘ವೆಸ್ಟ್ ಕೋಸ್ಟ್’. ಹುಟ್ಟಿದ್ದು ಕಡಲೇ ಇಲ್ಲದ ಒಹಾಯೊದಲ್ಲಿ!

1976ರಲ್ಲಿ ಬ್ರೌನ್ ಕೋಚ್ ಕೆಲಸ ಬಿಟ್ಟರು. ಆ ಜಾಗ ವಾಲ್ಶ್‌ಗೆ ಸಿಗಲಿಲ್ಲ. 1979ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ತಂಡ ಕರೆಯಿತು. ಮೊದಲ ವರ್ಷ 2 ಗೆಲುವು, 14 ಸೋಲು. ಮೂರನೇ ವರ್ಷ ಸೂಪರ್ ಬೌಲ್, ಅಂದರೆ ಋತುವಿನ ಕೊನೆಯ ಪ್ರಶಸ್ತಿ ಪಂದ್ಯ.

1982ರ ಜನವರಿ, ಆ ಪಂದ್ಯಕ್ಕೆಂದು ಆಟಗಾರರು ಹೋಟೆಲಿಗೆ ಬಂದಿಳಿದರು. ಬಾಗಿಲಲ್ಲಿ ಸಮವಸ್ತ್ರ ತೊಟ್ಟ, ನರೆಗೂದಲಿನ ಒಬ್ಬ ಹೋಟೆಲ್ ಆಳು. ತಂಡದ ಎಸೆತಗಾರ ಜೋ ಮಾಂಟಾನಾ ಅವರ ಬ್ಯಾಗಿಗೇ ಅವನು ಕೈ ಹಾಕಿದ. ಮಾಂಟಾನಾ ಬಿಡಲೊಲ್ಲರು, ಅವನೂ ಬಿಡಲೊಲ್ಲ. ಮುಖ ನೋಡಿದರೆ, ವಾಲ್ಶ್ ಮೇಷ್ಟ್ರು! ಬಿಗಿದುಕೊಂಡಿದ್ದ ಹುಡುಗರೆಲ್ಲ ನಕ್ಕು ಹಗುರಾದರು.

ಪಂದ್ಯ ಗೆದ್ದದ್ದು 26-21ರಿಂದ. ಎದುರಿಗಿದ್ದದ್ದು ಅದೇ ಸಿನ್ಸಿನಾಟಿ.