ಅಮೂರ್ತ ಚಿತ್ರಕಲೆ ಸಿಐಎ ಹುಟ್ಟಿಸಿದ ಕೂಸಲ್ಲ: ಒಂದು ಸ್ಪಷ್ಟನೆ

‘ಅಮೂರ್ತ ಚಿತ್ರಕಲೆಯನ್ನು ಹುಟ್ಟುಹಾಕಿದ್ದೇ ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎ’ ಎನ್ನುವ ವಾಟ್ಸ್ಆ್ಯಪ್ ಸಂದೇಶವೊಂದು ಮೈಸೂರಿನ ಕಲಾಸಕ್ತರ ಗುಂಪುಗಳಲ್ಲಿ ಓಡಾಡುತ್ತಿದೆ. ಇದು ಸುಳ್ಳು. ಕ್ಯಾಂಡಿನ್‌ಸ್ಕಿ, ಮಾಲೆವಿಚ್ ಎಂಬ ಚಿತ್ರಕಾರರು 1910ರ ದಶಕದಲ್ಲೇ ಅಮೂರ್ತ ಚಿತ್ರಗಳನ್ನು, ಎಂದರೆ ವಸ್ತು, ವ್ಯಕ್ತಿಗಳ ರೂಪವಿಲ್ಲದೆ ಬಣ್ಣ, ಆಕಾರಗಳಲ್ಲೇ ಮೂಡುವ ಚಿತ್ರಗಳನ್ನು, ಬರೆದಿದ್ದರು; ಸಿಐಎ ಸ್ಥಾಪನೆಯಾದದ್ದು 1947ರಲ್ಲಿ.

ಹಾಗೆಂದು ಸಂದೇಶ ಗಾಳಿಯಲ್ಲಿ ಹುಟ್ಟಿದ್ದೂ ಅಲ್ಲ. 1950ರಲ್ಲಿ ಬರ್ಲಿನ್‌ನಲ್ಲಿ ಶುರುವಾದ ‘ಕಾಂಗ್ರೆಸ್ ಫಾರ್ ಕಲ್ಚರಲ್ ಫ್ರೀಡಂ’ ಎಂಬ ಕಮ್ಯುನಿಸ್ಟ್ ವಿರೋಧಿ ಬುದ್ಧಿಜೀವಿಗಳ ಸಂಸ್ಥೆಗೆ ಸಿಐಎ ಗುಟ್ಟಾಗಿ ದುಡ್ಡು ಸುರಿಯುತ್ತಿತ್ತು. ಪತ್ರಿಕೆಗಳು, ಸಂಗೀತೋತ್ಸವಗಳು, ಚಿತ್ರ ಪ್ರದರ್ಶನಗಳು ಆ ಹಣದಲ್ಲಿ ನಡೆದವು. 1966–67ರಲ್ಲಿ ಗುಟ್ಟು ರಟ್ಟಾಯಿತು. ಅಮೆರಿಕದ ಅಮೂರ್ತ ಕಲೆ ಸೋವಿಯತ್ ಒಕ್ಕೂಟದ ವಿರುದ್ಧದ ಶೀತಲ ಸಮರದ ಆಯುಧವಾಗಿ ಬಳಕೆಯಾಯಿತು ಎಂದು ಇವಾ ಕಾಕ್‌ಕ್ರಾಫ್ಟ್ 1974ರಲ್ಲಿ ಕಲಾಪತ್ರಿಕೆ ‘ಆರ್ಟ್‌ಫೋರಂ’ನಲ್ಲಿ ವಾದಿಸಿದರು. ಬಳಸಿಕೊಂಡರು ಎಂದರೆ ಸೃಷ್ಟಿಸಿದರು ಎಂದಲ್ಲ. ಸಂದೇಶ ಬರೆದವರು ಎಡವಿರುವುದು ಇಲ್ಲೇ.

ಗುಟ್ಟೇಕೆ ಬೇಕಿತ್ತು? ಬಹಿರಂಗವಾಗಿ ಮಾಡುವ ಧೈರ್ಯ ಸರ್ಕಾರಕ್ಕಿರಲಿಲ್ಲ ಎಂದೇ ನನಗನಿಸುತ್ತದೆ. ಅಮೆರಿಕದ ವಿದೇಶಾಂಗ ಇಲಾಖೆ ತೆರಿಗೆ ಹಣದಲ್ಲಿ ಆಧುನಿಕ ಚಿತ್ರಗಳನ್ನು ಕೊಂಡು 1946ರಲ್ಲಿ ವಿದೇಶಕ್ಕೆ ಕಳಿಸಿದಾಗ ತನ್ನ ದೇಶದಲ್ಲೇ ಗದ್ದಲವೆದ್ದಿತು. ಪ್ರದರ್ಶನವನ್ನು ಅರ್ಧಕ್ಕೇ ವಾಪಸ್ ಕರೆಸಿ, ಚಿತ್ರಗಳನ್ನು ಯುದ್ಧದಲ್ಲಿ ಮಿಕ್ಕ ಸರಂಜಾಮಿನ ಲೆಕ್ಕದಲ್ಲಿ ಮಾರಿಬಿಟ್ಟರು. 1949ರಲ್ಲಿ ಜಾರ್ಜ್ ಡೊಂಡೆರೊ ಎಂಬ ಸಂಸದ ಆಧುನಿಕ ಕಲೆಯೇ ಕಮ್ಯುನಿಸ್ಟರ ಸಂಚು ಎಂದು ಗುಡುಗಿದ. ತಮಾಷೆಯೆಂದರೆ, ಅದೇ ಕಾಲಕ್ಕೆ ಸೋವಿಯತ್ ಒಕ್ಕೂಟದಲ್ಲಿ ಅದನ್ನು ಬಂಡವಾಳಶಾಹಿಗಳ ಕೊಳಕು ಎಂದು ಜರೆಯುತ್ತಿದ್ದರು.