ಮತ ಹಾಕಿ, ಎಣಿಸಬೇಡಿ

ಊರಿನ ಸಹಕಾರ ಸೊಸೈಟಿ ಚುನಾವಣೆಯಲ್ಲಿ ಈಗ ಎರಡು ಮತಪೆಟ್ಟಿಗೆ ಇಡುವ ಸಂಪ್ರದಾಯ ಬಂದಿದೆ. ಒಂದು ಅರ್ಹ ಮತದಾರರಿಗೆ. ಇನ್ನೊಂದು, ಪಟ್ಟಿಯಲ್ಲಿ ಹೆಸರಿಲ್ಲದೆ ಹೈಕೋರ್ಟಿಗೆ ಹೋಗಿ ಮಧ್ಯಂತರ ಆದೇಶ ತಂದವರಿಗೆ. ಎರಡನೇ ಪೆಟ್ಟಿಗೆಗೆ ಧಾರಾಳವಾಗಿ ಮತ ಹಾಕಬಹುದು, ಹೊರಗೆ ಬಂದು ಸೆಲ್ಫಿ ತೆಗೆದು ಸ್ಟೇಟಸ್ಸಿಗೂ ಹಾಕಬಹುದು. ಎಣಿಸುವ ಹಾಗಿಲ್ಲ. ಕೋರ್ಟು ಹೇಳುವವರೆಗೆ ಫಲಿತಾಂಶವೂ ಇಲ್ಲ. ಹಾಗಂತ ಯಾರೂ ಸುಮ್ನೆ ಕೂರುವುದಿಲ್ಲ. ಎರಡೂ ಕಡೆಯವರು ಅವತ್ತು ಸಂಜೆಯೇ ಪಟಾಕಿ ಹೊಡೆದು, ಗುಲಾಲು ಎರಚಿ, ಗೆದ್ದ ಬ್ಯಾನರ್ ಕಟ್ಟಿಬಿಡುತ್ತಾರೆ.

ಇಷ್ಟೊಂದು ಜನ ಅನರ್ಹರಾಗುವುದು ಹೇಗೆ ಅಂತೀರಾ? ಸಹಕಾರ ಸಂಘಗಳ ಕಾಯ್ದೆಯಲ್ಲಿ ಒಂದು ನಿಯಮ ಇದೆ. ಮಹಾಸಭೆಗಳಿಗೆ ಬಾರದವರಿಗೆ, ಸಂಘದ ಜೊತೆ ಕನಿಷ್ಠ ವ್ಯವಹಾರ ಮಾಡದವರಿಗೆ ವೋಟಿಲ್ಲ. ಉದ್ದೇಶ ಒಳ್ಳೆಯದೇ. ಆದರೆ ಹಾಜರಿ ಪುಸ್ತಕ ಇರುವುದು ಯಾರ ಕೈಯಲ್ಲಿ? ಈಗ ಕುರ್ಚಿಯಲ್ಲಿ ಕೂತವರ ಕೈಯಲ್ಲಿ. ಮಹಾಸಭೆ ನೋಟಿಸನ್ನು ಕಚೇರಿಯ ಒಳಗಿನ ಗೋಡೆಗೆ ಅಂಟಿಸಿ ಬಾಗಿಲಿಗೆ ಬೀಗ ಹಾಕಿದರೆ ಪ್ರಚಾರ ಆದ ಹಾಗೇ ಅಲ್ವಾ? ಚುನಾವಣೆ ಹತ್ತಿರ ಬಂದಾಗ ಪಟ್ಟಿ ಹೊರಗೆ ಬರುತ್ತದೆ. ದಿನಾ ಎರಡು ಹೊತ್ತು ಡೇರಿಗೆ ಹಾಲು ಹಾಕುವ ಹೆಂಗಸಿನ ವ್ಯವಹಾರ ಸಾಲದು. ತೀರಿಕೊಂಡ ಅವಳ ಮಾವನ ಹಾಜರಾತಿ ಮಾತ್ರ ಪಕ್ಕಾ ಇದೆ, ಸಹಿ ಸಮೇತ.

ಅಲ್ಲಿಂದ ಶುರು ಕೋರ್ಟಿನ ದಾರಿ. 2008ರಲ್ಲಿ ಧಾರವಾಡ, ಕಲಬುರಗಿಯಲ್ಲಿ ಹೈಕೋರ್ಟ್ ಪೀಠ ಬಂದಾಗ ಬೆಂಗಳೂರಿಗೆ ರಾತ್ರಿ ಬಸ್ಸು ಹತ್ತುವ ಕಷ್ಟ ತಪ್ಪಿತು ಅಂತ ಆ ಕಡೆಯ ಜನ ಖುಷಿಪಟ್ಟಿದ್ದರು. ಸೊಸೈಟಿ ರಾಜಕಾರಣಿಗಳ ಖುಷಿ ಇನ್ನೂ ಜಾಸ್ತಿ ಇದ್ದಿರಬೇಕು. ಈಗ ಬುದ್ಧಿವಂತರು ನಾಮಪತ್ರಕ್ಕಿಂತ ಮೊದಲು, ನನ್ನ ಮಾತು ಕೇಳದೆ ಆದೇಶ ಕೊಡಬೇಡಿ ಅಂತ ಕೋರ್ಟಿಗೆ ಕೇವಿಯಟ್ ಹಾಕುತ್ತಾರೆ. ಮನೆಮನೆ ತಿರುಗುವುದೆಲ್ಲ ಆಮೇಲೆ. ವಕೀಲರು ಒಳ್ಳೆಯವರು ಸಿಕ್ಕರೆ ಅದೂ ಬೇಕಾಗಿಲ್ಲ.

ಹನ್ನೆರಡು ಕುರ್ಚಿಯ ಒಂದು ಹಳ್ಳಿ ಸಂಘಕ್ಕೆ ಇಷ್ಟೆಲ್ಲ ಯಾಕೆ? ಬೆಳೆಸಾಲಕ್ಕೆ 5 ಲಕ್ಷದವರೆಗೆ ಬಡ್ಡಿ ಇಲ್ಲ, ಯಾರಿಗೆ ಎಷ್ಟು ಅನ್ನುವ ಮಾತು ಮೊದಲು ಈ ಮೇಜಿನ ಮೇಲೇ ಆಗಬೇಕು. ಅದಕ್ಕಿಂತ ದೊಡ್ಡದು, ಡಿಸಿಸಿ ಬ್ಯಾಂಕಿನ, ಅಂದರೆ ಜಿಲ್ಲಾ ಸಹಕಾರ ಬ್ಯಾಂಕಿನ, ಚುನಾವಣೆಗೆ ಸಂಘದ ಪರವಾಗಿ ವೋಟು ಹಾಕಲು ಹೋಗುವ ಡೆಲಿಗೇಟ್. ಡೆಲಿಗೇಟ್ ನೀನೇ ಅನ್ನುವ ಆ ಒಂದು ಠರಾವು ಜೇಬಿನಲ್ಲಿದ್ದವನಿಗೆ ಶಾಸಕರೇ ಫೋನು ಮಾಡುತ್ತಾರೆ, ಕಾರು ಬರುತ್ತದೆ, ರೆಸಾರ್ಟು ಸಿಗುತ್ತದೆ, ಜನ್ಮದಲ್ಲಿ ಸಮುದ್ರ ನೋಡದವನು ಗೋವಾ ನೋಡಿ ಬರುತ್ತಾನೆ. ಹನ್ನೆರಡು ಜನ ಆರಾರು ಅಂತ ಒಡೆದಿದ್ದರಂತೂ ಕೇಳಲೇಬೇಡಿ. ಒಂದೇ ದಿನ, ಒಂದೇ ಹೊತ್ತಿಗೆ ಎರಡು ಸಭೆ, ಎರಡು ಠರಾವು, ಎರಡು ಡೆಲಿಗೇಟು. ಅದಕ್ಕೆ ಬೇರೆ ಕೇಸು.

ನನಗೆ ಬಹಳ ಇಷ್ಟವಾಗುವುದು ಖರ್ಚಿನ ಲೆಕ್ಕ. ಅನರ್ಹನಾದ ಸದಸ್ಯ ಮೇವು ತರಲು ಇಟ್ಟಿದ್ದ ದುಡ್ಡು ಕೊಟ್ಟು ವಕೀಲರನ್ನು ಹಿಡಿಯುತ್ತಾನೆ. ಅವನ ಎದುರು ವಾದ ಮಾಡುವ ವಕೀಲರ ಫೀಸು ಸಂಘದ ಖಾತೆಯಿಂದ ಹೋಗುತ್ತದೆ. ಆ ಖಾತೆಯಲ್ಲಿ ಇರುವುದು ಅವನದೇ ಷೇರು ಹಣ. ನನಗೆ ವೋಟು ಬೇಕು ಅಂತಲೂ ಅವನದೇ ದುಡ್ಡು, ಇವನಿಗೆ ವೋಟು ಕೊಡಬೇಡಿ ಅಂತಲೂ ಅವನದೇ ದುಡ್ಡು. ವರ್ಷದ ಕೊನೆಗೆ ಲೆಕ್ಕಪತ್ರದಲ್ಲಿ 'ಕಾನೂನು ವೆಚ್ಚ' ಅಂತ ಒಂದು ಸಾಲು ಬರುತ್ತದೆ, ಅದಕ್ಕೆ ಚಪ್ಪಾಳೆ ತಟ್ಟಿ ಒಪ್ಪಿಗೆ ಕೊಡುತ್ತಾರೆ. 1905ರಲ್ಲಿ ಗದಗದ ಹತ್ತಿರ ಕಣಗಿನಹಾಳದಲ್ಲಿ ಸಿದ್ದನಗೌಡ ಪಾಟೀಲರು ಕರ್ನಾಟಕದ ಮೊದಲ ಕೃಷಿ ಸಹಕಾರ ಸಂಘ ಕಟ್ಟಿದ್ದು ಸಾಹುಕಾರರ ಬಡ್ಡಿಯಿಂದ ರೈತ ಬಚಾವಾಗಲಿ ಅಂತ. ಬಡ್ಡಿಯಿಂದ ಬಚಾವಾದ. ಫೀಸಿನಿಂದ ಬಚಾವು ಮಾಡಲು ಇನ್ನೂ ಯಾರೂ ಹುಟ್ಟಿಲ್ಲ.

ತೀರ್ಪು ಬರುವುದೇ ಇಲ್ಲ ಅಂತೇನಿಲ್ಲ, ಬರುತ್ತದೆ. ಕೆಲವು ಸಲ ಇದನ್ನು ಸಹಕಾರ ಕಾಯ್ದೆಯ ಸೆಕ್ಷನ್ 70ರಲ್ಲಿ ಇಲಾಖೆಯ ಅಧಿಕಾರಿ ಮುಂದೆ ಹೇಳಿಕೊಳ್ಳಿ ಅಂತ ಬರುತ್ತದೆ. ಕೆಲವು ಸಲ ಮಂಡಳಿಯ ಐದು ವರ್ಷ ಹೇಗೂ ಮುಗಿಯಿತಲ್ಲ, ಅರ್ಜಿಯಲ್ಲಿ ಇನ್ನೇನೂ ಉಳಿದಿಲ್ಲ ಅಂತ ಬರುತ್ತದೆ. ಅಷ್ಟರಲ್ಲಿ ಆಡಳಿತಾಧಿಕಾರಿ ಬಂದು ಹೋಗಿರುತ್ತಾರೆ, ಮುಂದಿನ ಚುನಾವಣೆಯ ಪಟ್ಟಿ ಸಿದ್ಧವಾಗುತ್ತಿರುತ್ತದೆ.

ಆ ಪಟ್ಟಿಯಲ್ಲೂ ನಮ್ಮ ಅನರ್ಹ ಸದಸ್ಯನ ಹೆಸರಿಲ್ಲ. ಮಹಾಸಭೆ ಇದ್ದ ದಿನ ಅವನು ಕೇಸಿನ ವಾಯಿದೆ ಅಂತ ಧಾರವಾಡಕ್ಕೆ ಹೋಗಿದ್ದ.