ಮೊದಲು ಕೆಂಡ, ಆಮೇಲೆ ಮಸಾಲೆ

ತರಕಾರಿಗೆ ರಾತ್ರಿಯೇ ಬೆಳ್ಳುಳ್ಳಿ, ಮೆಣಸಿನಪುಡಿ, ಇನ್ನೂ ಏನೇನೋ ಮೆತ್ತಿ ನೆನೆಸಿಟ್ಟು ಮರುದಿನ ಕೆಂಡದ ಮೇಲಿಡುವವರ ಜೊತೆ ನನ್ನ ಜಗಳ ಮುಗಿಯುವಂತೆ ಕಾಣುವುದಿಲ್ಲ. ಗ್ರಿಲ್‌ನಿಂದ ಘಾಟು ಹೊಗೆ ಎದ್ದ ಕೂಡಲೇ ‘ಆಹಾ, ಎಂಥ ಪರಿಮಳ’ ಎಂದು ಮೂಗರಳಿಸುತ್ತಾರೆ. ಸ್ವಾಮಿ, ಅದು ಬೆಳ್ಳುಳ್ಳಿ ಸೀದ ವಾಸನೆ!

ಚಳಿಗಾಲದ ತರಕಾರಿಗಳು ಗಟ್ಟಿ ಪಿಂಡಗಳು. ಕ್ಯಾರೆಟ್, ಬೀಟ್‌ರೂಟ್, ಹೂಕೋಸಿನ ದಂಟು ಯಾವುದೂ ಎರಡು ನಿಮಿಷದಲ್ಲಿ ಬೇಯುವುದಿಲ್ಲ. ಮೇಲ್ಮೈಯ ನೀರು ಆರುವವರೆಗೆ ಅಲ್ಲಿನ ಶಾಖ 100 ಡಿಗ್ರಿ ಸೆಲ್ಸಿಯಸ್ ದಾಟುವುದು ಕಷ್ಟ. ನಾವು ಬಯಸುವ ಕಂದು ಬಣ್ಣ ಮತ್ತು ಹುರಿದ ರುಚಿ ಚುರುಕಾಗಿ ಮೂಡುವುದು ಸುಮಾರು 140 ಡಿಗ್ರಿಯ ಮೇಲೆ. ಅಷ್ಟು ಹೊತ್ತು ಮೆಣಸಿನಪುಡಿ ಕಾದು ಕುಳಿತಿರುತ್ತದೆಯೇ? ಕಪ್ಪಾಗಿ, ಕಹಿಯಾಗಿ, ಒಳಗಿನ ಸಿಹಿಯನ್ನೂ ಕೆಡಿಸುತ್ತದೆ. ಆ ಸಿಹಿ ಪುಕ್ಕಟೆ ಬಂದದ್ದಲ್ಲ. ಕೊರೆಯುವ ಚಳಿಗೆ ಒಳಗಿನ ನೀರು ಹೆಪ್ಪುಗಟ್ಟದಿರಲೆಂದು ಕ್ಯಾರೆಟ್ ತನ್ನ ಪಿಷ್ಟದ ಒಂದಂಶವನ್ನು ಸಕ್ಕರೆಯಾಗಿಸಿಕೊಂಡಿರುತ್ತದೆ.

ಈ ವಿಷಯದಲ್ಲಿ ನನಗೆ ಗುರುಗಳು ಟ್ಯುನೀಷಿಯಾ ಮತ್ತು ಜಪಾನಿನ ಅಡುಗೆಮನೆಗಳು. ಟ್ಯುನೀಷಿಯಾದ ಸ್ಲಾಟಾ ಮೆಶ್‌ವಿಯಾವನ್ನೇ ನೋಡಿ. ಮೆಣಸಿನಕಾಯಿ, ಟೊಮೆಟೊ, ಈರುಳ್ಳಿಗಳನ್ನು ಬರಿದಾಗಿ ಸುಟ್ಟು, ಸಿಪ್ಪೆ ಸುಲಿದು ಜಜ್ಜಿದ ಮೇಲೆಯೇ ಉಪ್ಪು, ಮಸಾಲೆ, ಆಲಿವ್ ಎಣ್ಣೆ ಬೀಳುವುದು. ಅದು ಬೇಸಿಗೆಯ ತಿನಿಸು, ನಿಜ. ಕ್ರಮವನ್ನು ಮಾತ್ರ ನಾನು ಚಳಿಗಾಲಕ್ಕೆ ಎರವಲು ತಂದಿದ್ದೇನೆ. ಒಣಮೆಣಸಿನಕಾಯಿ, ಬೆಳ್ಳುಳ್ಳಿ, ಕೊತ್ತಂಬರಿ ಬೀಜ, ಶಾಹಿ ಜೀರಿಗೆ ಅರೆದು ಎಣ್ಣೆಯಲ್ಲಿ ಕಲಸುವ ಅವರ ಹರಿಸ್ಸಾ 2022ರಲ್ಲಿ ಯುನೆಸ್ಕೊದ ಅಮೂರ್ತ ಪರಂಪರೆಯ ಪಟ್ಟಿಗೂ ಸೇರಿತು. ಕೆಂಡದಿಂದ ಆಗಷ್ಟೇ ಇಳಿದ ಹೂಕೋಸಿಗೆ ಒಂದು ಚಮಚ ಹರಿಸ್ಸಾ, ನಿಂಬೆರಸ ಸವರಿದರೆ ಎಣ್ಣೆ ಕೆಂಪಗೆ ಕರಗಿ ಮೊಗ್ಗುಗಳ ಸಂದಿಗೆಲ್ಲ ಇಳಿಯುತ್ತದೆ. ಖಾರದ ಸತ್ವ ಎಣ್ಣೆಯಲ್ಲಿ ಕರಗುವಂಥದ್ದು, ಹಾಗಾಗಿ ತುತ್ತುತುತ್ತಿಗೂ ಸಮನಾಗಿ ಸಿಗುತ್ತದೆ.

ಜಪಾನಿನವರದು ಇನ್ನೂ ನಾಜೂಕು. ಮಿಸೊ ಎಂದರೆ ಸೋಯಾ ಕಾಳನ್ನು ಹುದುಗಿಸಿ ಮಾಡಿದ ಪೇಸ್ಟ್. ಅದಕ್ಕೆ ಸಕ್ಕರೆ ಮತ್ತು ಮಿರಿನ್ ಎಂಬ ಸಿಹಿ ಅಕ್ಕಿಮದ್ಯ ಬೆರೆಸಿ, ಬೆಂದ ತರಕಾರಿಯ ಮೇಲೆ ಕೊನೆಗೆ ಸವರಿ, ಗುಳ್ಳೆಯೇಳುವವರೆಗೆ ಮಾತ್ರ ಬೆಂಕಿ ತೋರಿಸುತ್ತಾರೆ. ಒಂದು ಕ್ಷಣ ಮೈಮರೆತರೂ ಇದ್ದಿಲು. ಏಳು ಪದಾರ್ಥ ಬೆರೆಸಿದ ಶಿಚಿಮಿ ಪುಡಿಯಂತೂ ಊಟದ ಮೇಜಿನಲ್ಲೇ ಉದುರುವುದು. ಅದರಲ್ಲಿ ಮೆಣಸಿನಕಾಯಿ, ಎಳ್ಳು, ಕಿತ್ತಳೆ ಸಿಪ್ಪೆಗಳ ಜೊತೆ ನಾಲಿಗೆಯನ್ನು ಜುಮ್ಮೆನ್ನಿಸುವ ಸನ್ಶೊ ಎಂಬ ಜಪಾನಿ ಮೆಣಸು ಇರುತ್ತದೆ. ಸುಟ್ಟ ಮೂಲಂಗಿಯ ಮೇಲೆ ಅದು ಬಿದ್ದಾಗಿನ ಘಮ ಬೇರೆಯೇ.

ಎರಡನ್ನೂ ಕಲಸಿ ‘ಹರಿಸ್ಸಾ ಮಿಸೊ’ ಮಾಡಬಾರದೇ ಎಂದು ಕೇಳುವವರಿದ್ದಾರೆ. ಮಾಡಿಕೊಳ್ಳಿ, ನನ್ನನ್ನು ಕರೆಯಬೇಡಿ. ಇದು ಮಡಿವಂತಿಕೆಯಲ್ಲ. ಹರಿಸ್ಸಾದಲ್ಲೂ ಶಿಚಿಮಿಯಲ್ಲೂ ಇರುವ ಮೆಣಸಿನಕಾಯಿಯೇ 1492ರ ನಂತರ ಅಮೆರಿಕ ಖಂಡದಿಂದ ಹೊರಟು ಬಂದದ್ದು. ಶುದ್ಧತೆಯ ಮಾತು ಯಾರ ಬಾಯಿಗೂ ಒಪ್ಪುವುದಿಲ್ಲ. ನನ್ನ ತಕರಾರು ನಾಲಿಗೆಯದು. ಮಿಸೊದ ಮೆಲುದನಿಯನ್ನು ಶಾಹಿ ಜೀರಿಗೆ ನುಂಗಿಹಾಕುತ್ತದೆ. ಒಂದೇ ಕೆಂಡ, ಎರಡು ತಟ್ಟೆ ಸಾಕು.

ಹೂಕೋಸನ್ನು ದಂಟು ಸೇರಿಸಿ ಎರಡು ಸೆಂಟಿಮೀಟರ್ ದಪ್ಪಕ್ಕೆ ಕೊಯ್ಯಿರಿ, ಬಿಡಿಸಿದರೆ ಕಂಬಿಗಳ ಸಂದಿಯಿಂದ ಬೆಂಕಿಗೆ ಉದುರುತ್ತದೆ. ಎಲೆಕೋಸಿನ ಹೋಳಿಗೂ ಬುಡ ಇರಲಿ. ಉಪ್ಪು, ತೆಳುವಾಗಿ ಎಣ್ಣೆ, ಅಷ್ಟೇ. ಕೆಂಡವನ್ನು ಒಂದು ಬದಿಗೆ ಒಟ್ಟಿ, ತರಕಾರಿಗೆ ಬಣ್ಣ ಬಂದ ಮೇಲೆ ಕಾವು ಕಡಿಮೆಯಿರುವ ಕಡೆಗೆ ಸರಿಸಿ, ಮುಚ್ಚಿ ಬೇಯಿಸಿ. ಕಂಬಿಗೆ ಅಂಟಿಕೊಂಡಿದ್ದರೆ ಕೀಳಲು ಹೋಗಬೇಡಿ. ಕಂದುಬಣ್ಣ ಕಟ್ಟಿದಾಗ ಸಾಮಾನ್ಯವಾಗಿ ತಾನೇ ಬಿಡುತ್ತದೆ.

ಗೆಣಸನ್ನು ಮಾತ್ರ ಕೊಯ್ಯಲೇಬೇಡಿ. ಪಿಷ್ಟವನ್ನು ಸಿಹಿಯಾಗಿಸುವ ಅದರ ಕಿಣ್ವ ಚುರುಕಾಗಿರುವುದು ಸುಮಾರು 60ರಿಂದ 75 ಡಿಗ್ರಿಯ ನಡುವೆ, ಆದ್ದರಿಂದ ಇಡಿಯಾಗಿ ಅಂಚಿನಲ್ಲಿಟ್ಟು ನಿಧಾನವಾಗಿ ಕಾಯಿಸಬೇಕು. ಜಪಾನಿನಲ್ಲಿ ಬಿಸಿ ಬೆಣಚುಕಲ್ಲುಗಳ ನಡುವೆ ಗೆಣಸು ಸುಡುವುದು ಇದೇ ಕಾರಣಕ್ಕೆ ಅಷ್ಟು ಚೆನ್ನಾಗಿರುತ್ತದೆ. ಅದಕ್ಕೆ ಹರಿಸ್ಸಾವೂ ಬೇಡ, ಮಿಸೊವೂ ಬೇಡ. ಬೆಣ್ಣೆ ಬೇಕೆನ್ನುವವರ ಜೊತೆ ವಾದಕ್ಕೆ ಸಿದ್ಧನಿದ್ದೇನೆ, ಕಾಮೆಂಟಿನಲ್ಲಿ ಬನ್ನಿ.